ದರ್ಜಿ ಅಕ್ಕನ ಗೊರಕೆ ಪ್ರಬಂಧ

ಆ ಊರಿನಲ್ಲಿ ಮಂತ್ರವಿದ್ಯೆ ಎಂದರೆ ಓದಿ ಪಾಸು ಮಾಡುವ ವಿದ್ಯೆ. ಕೋಲು ಬೀಸುವುದು, ಪುಡಿ ಎರಚುವುದು ಯಾವುದೂ ಅಲ್ಲಿ ನಡೆಯುತ್ತಿರಲಿಲ್ಲ. ಒಂದು ವಿಷಯ ಹಿಡಿಯಬೇಕು, ವಿಶ್ವವಿದ್ಯಾಲಯಕ್ಕೆ ಅರ್ಜಿ ಕೊಡಬೇಕು, ಆರು ವರ್ಷದೊಳಗೆ ಅದನ್ನು ಅರೆದು ಕುಡಿದು ಪ್ರಬಂಧ ಬರೆಯಬೇಕು. ಕೊನೆಗೆ ವೈವಾ ದಿನ ಪರೀಕ್ಷಕರ ಕಣ್ಣೆದುರಿಗೇ ಆ ವಿಷಯ ಅಭ್ಯರ್ಥಿಯ ಮಾತು ಕೇಳಬೇಕು. ಕೇಳಿದರೆ ಡಾಕ್ಟರೇಟು, ಬದುಕಿರುವವರೆಗೂ ಅದು ಅವರ ಅಂಕೆಯಲ್ಲಿ. ಕೇಳದಿದ್ದರೆ ಗಂಟುಮೂಟೆ ಕಟ್ಟಿಕೊಂಡು ಮನೆಗೆ. ಎಷ್ಟು ಓದಿದರೋ ಅಷ್ಟೇ ಶಕ್ತಿ, ಕೂದಲೆಳೆಯಷ್ಟೂ ಹೆಚ್ಚಿಲ್ಲ. ಒಬ್ಬರು ಹಿಡಿದ ವಿಷಯವನ್ನು ಇನ್ನೊಬ್ಬರು ಮುಟ್ಟುವ ಹಾಗೂ ಇಲ್ಲ.

ಬೆಂಕಿ, ಗಾಳಿ, ಮಳೆ, ಮಿಂಚನ್ನೆಲ್ಲ ಹಿಂದಿನ ತಲೆಮಾರಿನವರು ಬಾಚಿಕೊಂಡಿದ್ದರು. ಈಗಿನವರ ಪಾಲಿಗೆ ಉಳಿದದ್ದು ಚೂರುಪಾರು. ಒಬ್ಬರು ಒದ್ದೆ ಕೊಡೆಯನ್ನು ನೋಡಿ ಒಣಗಿಸುತ್ತಿದ್ದರು. ಇನ್ನೊಬ್ಬರು ಕಳೆದುಹೋದ ಕಾಲುಚೀಲವನ್ನು ಕರೆದರೆ ಅದು ಮಂಚದಡಿಯಿಂದ ತೆವಳಿಕೊಂಡು ಬರುತ್ತಿತ್ತು, ಆದರೆ ಉಣ್ಣೆಯದಾಗಿದ್ದರೆ ಮಾತ್ರ. ಹಾಲು ಉಕ್ಕುವುದನ್ನು ತಡೆಯುವ ಒಬ್ಬರು ಮಹಾಪಂಡಿತರಿದ್ದರು. ಅವರ ಮನೆಯಲ್ಲಿ ಹಾಲು ಕಾಯುವುದೇ ಇಲ್ಲವೆಂದು ಅವರ ಹೆಂಡತಿ ಊರೆಲ್ಲ ಹೇಳಿಕೊಂಡು ತಿರುಗುತ್ತಿದ್ದರು.

ಇಂಥ ಊರಿನ ಪರೀಕ್ಷಾ ಭವನದ ಬೆನ್ನಿಗೆ, ಸೈಕಲ್ ನಿಲ್ಲಿಸುವ ತಗಡಿನ ಚಾವಣಿಗೆ ಅಂಟಿಕೊಂಡಂತೆ, ಎರಡು ಕೋಣೆಯ ಒಂದು ಮನೆಯಿತ್ತು. ಅದರ ಮುಂಭಾಗವನ್ನು ಮರೆಮಾಡಿ ಮಾಡಿದ ಹೊಲಿಗೆ ಅಂಗಡಿಯಲ್ಲಿ ದರ್ಜಿ ಅಕ್ಕ ಕೂರುತ್ತಿದ್ದಳು. ವೈವಾಕ್ಕೆ ಹೋಗುವವರೆಲ್ಲ ಕಪ್ಪು ಗೌನು ತೊಡಬೇಕು, ಗೌನಿಗೆ ಒಂಬತ್ತು ಗುಂಡಿ. ಊರಿನ ಅರ್ಧಕ್ಕರ್ಧ ಪಂಡಿತರು ಅವಳು ತೆಗೆದ ಕಾಜಾದೊಳಗೆ ಗುಂಡಿ ತೂರಿಸಿಕೊಂಡೇ ಡಾಕ್ಟರಾದವರು. ಅವಳ ಗಂಡ ಅದೇ ಭವನದಲ್ಲಿ ಅಟೆಂಡರು. ಬೆಳಗಿನ ಐದಕ್ಕೆ ಬೀಗ ತೆಗೆಯುವುದು, ಕುರ್ಚಿ ಒರೆಸುವುದು, ಪರೀಕ್ಷಕರಿಗೆ ನೀರು ಇಡುವುದು, ಮಧ್ಯಾಹ್ನ ಒಂದಕ್ಕೆ ಸರಿಯಾಗಿ ಗಂಟೆ ಹೊಡೆಯುವುದು ಅವನ ಕೆಲಸ. ಗಂಟೆ ಹೊಡೆದರೆ ವೈವಾ ಮುಗಿಯಿತು. ಅಭ್ಯರ್ಥಿ ಮಾತಿನ ನಡುವೆ ಇದ್ದರೂ ಮುಗಿಯಿತು. ಮೂವತ್ತು ವರ್ಷದಲ್ಲಿ ಅವನು ಒಂದು ದಿನವೂ ಆ ಭವನದಲ್ಲಿ ತೂಕಡಿಸಿದವನಲ್ಲ.

ತೂಕಡಿಕೆಯನ್ನೆಲ್ಲ ಅವನು ಮನೆಗೆ ತರುತ್ತಿದ್ದ.

ಅವನ ಗೊರಕೆಗೆ ಒಂದು ನಡಿಗೆಯಿತ್ತು. ಮೊದಲು ಭಾರದ ಬೀರುವನ್ನು ನೆಲದ ಮೇಲೆ ಎಳೆದ ಹಾಗೆ ಉದ್ದಕ್ಕೆ ಒಂದು. ಆಮೇಲೆ ಬಾಗಿಲು ತಟ್ಟಿದ ಹಾಗೆ ಗಿಡ್ಡಕ್ಕೆ ಮೂರು. ಆಮೇಲೆ ಏನೂ ಇಲ್ಲ. ಆ ಏನೂ ಇಲ್ಲದ ಹೊತ್ತಿನಲ್ಲಿ ಹೆಂಡತಿಯಾದವಳು ಉಸಿರು ಬಿಗಿಹಿಡಿದು ಕಾಯುತ್ತಾಳೆ. ಸದ್ಯ ಮುಗಿಯಿತು, ಇನ್ನು ಕಣ್ಣು ಮುಚ್ಚೋಣ ಎನ್ನುವಷ್ಟರಲ್ಲಿ ಒಂದು ಸೀಟಿ. ಮದುವೆಯಾದ ಹೊಸತರಲ್ಲಿ ಅವಳು ಕಿವಿಗೆ ಹತ್ತಿ ಇಟ್ಟುಕೊಂಡಳು. ಆಮೇಲೆ ಹತ್ತಿಯ ಮೇಲೆ ದಿಂಬು ಇಟ್ಟುಕೊಂಡಳು. ಕೊನೆಗೆ ಒಂದು ದಿನ ದಿಂಬನ್ನೇ ಕಂಕುಳಲ್ಲಿ ಇಟ್ಟುಕೊಂಡು ಅಂಗಡಿಗೆ ಬಂದು, ಬಟ್ಟೆ ಕತ್ತರಿಸುವ ಮೇಜಿನ ಮೇಲೆ ಮಲಗಿದಳು. ಅಲ್ಲಿಗೆ ಹನ್ನೊಂದು ವರ್ಷವಾಯಿತು. ಆ ಮೇಜು ಅವಳಿಗಿಂತ ಒಂದು ಗೇಣು ಗಿಡ್ಡ. ಕಾಲು ಮಡಿಸಿ ಮಡಿಸಿ ಮಂಡಿ ಹಿಡಿದುಕೊಂಡಿತು. ಗೋಡೆಯಾಚೆಗಿನ ಸದ್ದು ಅಲ್ಲಿಗೂ ಬರುತ್ತಿತ್ತು. ನಿದ್ದೆಗೆಟ್ಟ ಕಣ್ಣಿಗೆ ಕಾಜಾ ಓರೆಯಾಗತೊಡಗಿತು. ಒಬ್ಬ ಅಭ್ಯರ್ಥಿಯ ಗೌನಿಗೆ ಹತ್ತು ಗುಂಡಿ, ಎಂಟು ಕಾಜಾ ಆದ ದಿನ ಅವಳು ಕತ್ತರಿ ಕೆಳಗಿಟ್ಟಳು.

“ನನಗೆ ನನ್ನ ಗಂಡನ ಪಕ್ಕ ಮಲಗಿ ನಿದ್ದೆ ಮಾಡ್ಬೇಕು. ಇಷ್ಟು ಕೇಳೋದೂ ದುರಾಸೇನಾ?” ಎಂದು ಹೊಲಿಗೆ ಮೆಷಿನ್ನನ್ನು ಕೇಳಿದಳು. ಮೆಷಿನ್ನು ಇನ್ನೂ ಯಾರ ವಿಷಯವೂ ಆಗಿರಲಿಲ್ಲವಾದ್ದರಿಂದ ಸುಮ್ಮನಿತ್ತು.

ಮರುದಿನ ಅವಳು ಮುಚ್ಚಳದ ಪ್ರೊಫೆಸರ ಬಾಗಿಲು ತಟ್ಟಿದಳು. ಅವರು ಯಾವ ಸೀಸೆಯನ್ನು ನೋಡಿದರೂ ಅದರ ಮುಚ್ಚಳ ತಾನಾಗಿ ತಿರುಗಿ ಬಿಚ್ಚಿಕೊಳ್ಳುತ್ತಿತ್ತು. ಹಾಗಾಗಿ ಔಷಧಿ ಅಂಗಡಿಯವರು ಅವರನ್ನು ಹೊರಗೇ ನಿಲ್ಲಿಸಿ ಮಾತಾಡಿಸುತ್ತಿದ್ದರು.

“ಯಾವ ವಿಷಯಮ್ಮ?”

“ಗೊರಕೆ ಸಾರ್.”

“ಯಾರದು?”

“ನಮ್ಮೆಜಮಾನ್ರದೇ. ಬೇರೆಯವರದ್ದು ನನಗ್ಯಾಕೆ ಸಾರ್?”

ಪ್ರೊಫೆಸರು ದಪ್ಪನೆಯ ವಿಷಯಸೂಚಿ ತೆಗೆದು ಬೆರಳಾಡಿಸಿದರು. “ಆಕಳಿಕೆ ಹೋಗಿದೆ. ಸೀನು ಹೋಗಿದೆ. ಬಿಕ್ಕಳಿಕೆ ಆ ಮೇಡಂ ಹತ್ರ ಇದೆ. ಗೊರಕೆ...” ಅವರು ಕನ್ನಡಕ ಏರಿಸಿದರು. “ಅರೆ, ಖಾಲಿ ಇದೆ!”

“ಇಷ್ಟು ವರ್ಷ ಯಾರೂ ಯಾಕೆ ತಗೊಂಡಿಲ್ಲ?”

“ಅಧ್ಯಯನ ಮಾಡೋಕೆ ಪಕ್ಕದಲ್ಲಿ ಕೂರ್ಬೇಕಲ್ಲಮ್ಮ. ಕೂತೋರು ಓಡಿಹೋಗಿರ್ತಾರೆ.”

ಓದು ಕಡಿಮೆ ಇದ್ದವರೂ ಅರ್ಜಿ ಹಾಕಬಹುದು, ವಿಷಯದ ಜೊತೆ ಹತ್ತು ವರ್ಷ ಬಾಳಿರಬೇಕು ಎಂಬ ನಿಯಮವೊಂದು ಯಾರೂ ತಿರುವದ ಪುಟದಲ್ಲಿತ್ತು. ದರ್ಜಿ ಅಕ್ಕ ಇಪ್ಪತ್ತೆರಡು ವರ್ಷ ಬಾಳಿದ್ದಳು. ಪ್ರೊಫೆಸರು ಅರ್ಜಿಯ ಕೊನೆಯ ಸಾಲಿನ ಮೇಲೆ ಬೆರಳಿಟ್ಟರು.

“ವ್ಯಾಪ್ತಿ ಬರೆಯೋವಾಗ ಹುಷಾರು. ನಾನು ‘ತಿರುಗಿಸುವ ಮುಚ್ಚಳಗಳು’ ಅಂತ ಬರ್ದೆ. ಒತ್ತಿ ಹಾಕೋದನ್ನ ಮರೆತೆ. ಇವತ್ತಿಗೂ ಬಿಸ್ಕತ್ತಿನ ಡಬ್ಬಿ ತೆಗೆಯೋಕೆ ನನಗೆ ಚಮಚ ಬೇಕು. ಗೊರಕೆ ಜೊತೆಗೆ ಇನ್ನೇನಾದ್ರೂ ಬರುತ್ತಾ?”

ಅವಳು ಯೋಚಿಸಿದಳು. “ಗೋಡೆಗೆ ಬಡಿದು ವಾಪಸ್ ಬರುತ್ತೆ ಸಾರ್. ಮಾರ್ದನಿ.”

“ಬರಿ, ಬರಿ. ‘ಮಾರ್ದನಿ ಸಹಿತ.’ ಆಮೇಲೆ ನನ್ನ ಹಾಗೆ ಅಳಬಾರದು.”

ಹೀಗೆ ಶುರುವಾಯಿತು. ಎಲ್ಲರೂ ಬರೆದು ಅಧ್ಯಯನ ಮಾಡುತ್ತಾರೆ. ಅವಳಿಗೆ ಕೈಗೆ ಬಂದದ್ದು ಸೂಜಿ. ಗೌನಿನ ಒಳಬಟ್ಟೆ ಕತ್ತರಿಸಿ ಉಳಿದ ಬಿಳಿಯ ಪಟ್ಟಿಗಳನ್ನು ಒಂದಕ್ಕೊಂದು ಸೇರಿಸಿದಳು. ಗಂಡ ಊಟ ಮಾಡಿ ಮಧ್ಯಾಹ್ನ ಎರಡರಿಂದ ನಾಲ್ಕರವರೆಗೆ ಮಲಗುವಾಗ ಪಕ್ಕದಲ್ಲಿ ಸ್ಟೂಲು ಹಾಕಿ ಕೂತು, ಕೇಳಿದ್ದನ್ನು ಕೇಳಿದ ಹಾಗೆ ಹೊಲಿದಳು. ಉದ್ದನೆಯ ಗೊರಕೆಗೆ ಉದ್ದ ಹೊಲಿಗೆ, ಗಿಡ್ಡದಕ್ಕೆ ಗಿಡ್ಡ, ಸೀಟಿಗೆ ಒಂದು ಗಂಟು. ಗಂಡನದು ಕೆಂಪು ದಾರ. ಗೋಡೆಯಿಂದ ಬರುವ ಮಾರ್ದನಿಗೆ ನೀಲಿ. ಪಟ್ಟಿ ತುಂಬಿದಂತೆ ಸುತ್ತಿ ಸುತ್ತಿ ಇಟ್ಟಳು. ಮೊದಲ ವರ್ಷಕ್ಕೇ ಅದು ಕುಂಬಳಕಾಯಿ ಗಾತ್ರವಾಯಿತು.

ಮನೆಯಲ್ಲಿ ಈ ಅಧ್ಯಯನಕ್ಕೆ ಒಬ್ಬರ ಬಲವಾದ ವಿರೋಧವಿತ್ತು. ಗೋಡೆಯ ಆಚೆಗಿನ ಕೋಣೆಯಲ್ಲಿದ್ದ ಅತ್ತೆಗೆ ಅರವತ್ತೆಂಟು ವರ್ಷ, ಹಲ್ಲು ಎಲ್ಲವೂ ಸ್ವಂತದ್ದು.

“ನನ್ನ ಮಗ ಗೊರಕೆ ಹೊಡೀತಾನಾ? ಹೆತ್ತವಳಿಗೆ ಕೇಳಿಸದ ಗೊರಕೆ ಇವಳಿಗೆ ಕೇಳಿಸ್ತಂತೆ!”

“ಅತ್ತೆ, ಸೈಕಲ್ ನಿಲ್ಲಿಸೋಕೆ ಬಂದವರೂ ಕೇಳ್ತಾರೆ.”

“ಅದು ಸೈಕಲ್ಲಿಂದೇ ಇರ್ಬೇಕು. ಎಣ್ಣೆ ಹಾಕಿಸಿಕೊಳ್ಳೋಕೆ ಹೇಳು.”

“ನೀವೊಂದು ಸಲ ಬಂದು ಕೂತು ಕೇಳಿ.”

“ಮಲಗಿರೋ ಮಗನ ಪಕ್ಕ ಸೂಜಿ ಹಿಡ್ಕೊಂಡು ಕೂರೋ ಹೆಂಗಸು ನಾನಲ್ಲಮ್ಮ.”

ಗಂಡ ಮಾತ್ರ ತಾನು ಅಧ್ಯಯನಕ್ಕೆ ವಸ್ತುವಾದದ್ದಕ್ಕೆ ಒಳಗೊಳಗೇ ಹಿಗ್ಗಿದ್ದ. ಮಧ್ಯಾಹ್ನ ಎದ್ದ ಕೂಡಲೇ “ಇವತ್ತು ಹೆಂಗಿತ್ತೇ?” ಎಂದು ಕೇಳುತ್ತಿದ್ದ. “ಇಪ್ಪತ್ತಾರು ಸೀಟಿ” ಎಂದರೆ, “ನಿನ್ನೆ ಇಪ್ಪತ್ತೊಂದೇ ಅಲ್ವಾ?” ಎಂದು ಮೀಸೆ ಸವರಿಕೊಳ್ಳುತ್ತಿದ್ದ. ನೆಗಡಿಯಾದ ವಾರ ಹೊಸ ಬಗೆಯದೊಂದು ಸಿಕ್ಕಿತೆಂದು ಅವಳು ಹೇಳಿದಾಗ, ಮತ್ತೆ ನೆಗಡಿ ಬರಲಿ ಎಂದು ತಣ್ಣೀರಿನಲ್ಲಿ ತಲೆ ತೊಳೆದುಕೊಂಡ.

ಆರು ವರ್ಷ ಹೋದದ್ದೇ ತಿಳಿಯಲಿಲ್ಲ. ಆ ಪಟ್ಟಿಗಳನ್ನು ನೋಡಿ ಬರೆದ ಪ್ರಬಂಧಕ್ಕೆ ಐದು ಅಧ್ಯಾಯವಾಯಿತು. ನಾಲ್ಕನೆಯದು ಮಾರ್ದನಿಯ ಮೇಲೆ, ಅದನ್ನು ಓದಿ ಪ್ರೊಫೆಸರೇ ತಲೆದೂಗಿದ್ದರು. ಆದರೆ ದರ್ಜಿ ಅಕ್ಕನದು ಅಂಚು ನೇರವಾಗುವವರೆಗೂ ಬಟ್ಟೆ ಬಿಡದ ಸ್ವಭಾವ. ಇನ್ನೊಂದು ತಿಂಗಳು ಕೇಳ್ತೀನಿ, ಇನ್ನೊಂದು ವಾರ ಕೇಳ್ತೀನಿ ಎಂದು ಎಳೆದೂ ಎಳೆದೂ, ವೈವಾ ಬಂದು ನಿಂತದ್ದು ಅವಧಿಯ ಕಟ್ಟಕಡೆಯ ದಿನಕ್ಕೆ. ಅಂದು ಗಂಟೆ ಹೊಡೆಯುವುದರೊಳಗೆ ಗೊರಕೆ ಅವಳ ಮಾತು ಕೇಳದಿದ್ದರೆ ವಿಷಯ ಕೈತಪ್ಪಿದಂತೆ. ಎರಡನೆಯ ಅವಕಾಶ ಇಲ್ಲ. ಸಾಯುವವರೆಗೂ ಆ ಗಿಡ್ಡ ಮೇಜೇ ಗತಿ.

ಪರೀಕ್ಷಕಿಯಾಗಿ ಹೊರಗಿನಿಂದ ಬಂದವರು ಬಿಕ್ಕಳಿಕೆ ಮೇಡಂ. ಅವರು ಬಯಸಿದರೆ ಯಾರ ಬಿಕ್ಕಳಿಕೆಯೂ ನಿಲ್ಲುತ್ತಿತ್ತು, ಬಯಸಿದರೆ ಶುರುವಾಗುತ್ತಿತ್ತು. ಉತ್ತರ ಹಿಡಿಸದಿದ್ದರೆ ಅಭ್ಯರ್ಥಿಗೆ ಅಲ್ಲೇ ಬಿಕ್ಕಳಿಕೆ ತರಿಸುತ್ತಾರೆಂದು ಗೌನು ಹೊಲಿಸಲು ಬಂದವರೆಲ್ಲ ಹೇಳುತ್ತಿದ್ದರು.

ಭವನದ ಹಸಿರು ಬಟ್ಟೆ ಹೊದಿಸಿದ ಉದ್ದನೆಯ ಮೇಜಿನ ಮೇಲೆ ಮನೆಯ ಹಾಸಿಗೆ ಹಾಸಿದ್ದರು. ಅದರ ಮೇಲೆ ಅಟೆಂಡರು, ಇಸ್ತ್ರಿ ಮಾಡಿದ ಸಮವಸ್ತ್ರದಲ್ಲಿ, ಅಂಗಾತ. ಪಕ್ಕದಲ್ಲಿ ಸ್ಟೂಲಿನ ಮೇಲೆ ದರ್ಜಿ ಅಕ್ಕ, ಮೈಮೇಲೆ ಮೊದಲ ಬಾರಿಗೆ ತನಗೇ ಹೊಲಿದುಕೊಂಡ ಗೌನು. ಮೇಡಮ್ಮಿನ ಪಕ್ಕದ ಕುರ್ಚಿಯಲ್ಲಿ ಮುಚ್ಚಳದ ಪ್ರೊಫೆಸರು. ಹಿಂದಿನ ಬೆಂಚಿನಲ್ಲಿ ಅತ್ತೆ. “ನನ್ನ ಮಗನ್ನ ಮೇಜಿನ ಮೇಲೆ ಮಲಗಿಸಿ ಏನು ಮಾಡ್ತೀರೋ ನಾನು ನೋಡ್ಬೇಕು” ಎಂದು ಬಂದು ಕೂತಿದ್ದರು.

“ಶುರು ಮಾಡಿ,” ಎಂದರು ಮೇಡಂ.

ಶುರುವಾಗಬೇಕಾದದ್ದು ನಿದ್ದೆ. ಅದು ಬರಲಿಲ್ಲ. ಹನ್ನೊಂದಾಯಿತು. ಅಟೆಂಡರು ಎಡಕ್ಕೆ ತಿರುಗಿದ. ಬಲಕ್ಕೆ ತಿರುಗಿದ. ಕಿಟಕಿಯ ಬಾಗಿಲೊಂದು ಪಟಪಟನೆ ಬಡಿಯಿತು. ಎದ್ದು ಹೋಗಿ ಚಿಲಕ ಹಾಕಿ ಬಂದು ಮಲಗಿದ. ಐದು ನಿಮಿಷ ಬಿಟ್ಟು ಒಂದು ಕಣ್ಣು ತೆರೆದು ನೋಡಿದರೆ ಮೇಡಮ್ಮಿನ ಲೋಟ ಖಾಲಿ. ಧಡಕ್ಕನೆ ಎದ್ದು ನೀರು ಬಗ್ಗಿಸಿದ.

“ರೀ, ಮಲಗ್ರೀ!” ದರ್ಜಿ ಅಕ್ಕ ಹಲ್ಲು ಕಚ್ಚಿ ಹೇಳಿದಳು.

“ಲೋಟ ಖಾಲಿ ಇತ್ತು ಕಣೇ.”

“ಇವತ್ತು ನೀವು ಅಟೆಂಡರಲ್ಲ. ನೀವು ಗೊರಕೆ.”

“ಗೊತ್ತು. ಆದ್ರೆ ಇಲ್ಲಿ ಕಣ್ಣು ಮುಚ್ಚೋಕೆ ಭಯ ಆಗುತ್ತೆ. ಯಾರೋ ಬೈತಾರೆ ಅನ್ಸುತ್ತೆ.”

ಹನ್ನೆರಡಾಯಿತು. ಹನ್ನೆರಡೂವರೆಯಾಯಿತು. ಮೇಡಂ ಪ್ರಬಂಧವನ್ನು ಮುಚ್ಚಿ ಪೆನ್ನಿನ ಟೋಪಿ ಹಾಕಿದರು. ಆ ಟಕ್ ಎನ್ನುವ ಸದ್ದನ್ನು ಮೂವತ್ತು ವರ್ಷದಿಂದ ಕೇಳುತ್ತಾ ಬಂದ ಅಟೆಂಡರಿಗೆ ಅದರ ಅರ್ಥ ಚೆನ್ನಾಗಿ ಗೊತ್ತಿತ್ತು. ಅವನು ಕಣ್ಣು ಬಿಗಿಯಾಗಿ ಮುಚ್ಚಿದ. ಮರುಕ್ಷಣವೇ ಗೊರಕೆ ಎದ್ದಿತು. ಉದ್ದಕ್ಕೆ ಒಂದು, ಗಿಡ್ಡಕ್ಕೆ ಮೂರು, ಒಂದು ಮೌನ, ಒಂದು ಸೀಟಿ. ಪ್ರೊಫೆಸರ ಮುಖ ಅರಳಿತು. ಮೇಡಂ ಪೆನ್ನಿನ ಟೋಪಿ ಮತ್ತೆ ತೆಗೆದರು.

“ಸರಿ. ಈಗ ನಿಲ್ಲಿಸಿ ತೋರ್ಸಿ.”

ದರ್ಜಿ ಅಕ್ಕ ನಿಲ್ಲಿಸು ಎಂದರೆ ಸಾಕಿತ್ತು, ಗಂಡ ನಿಲ್ಲಿಸುತ್ತಿದ್ದ. ಅವನು ರೆಪ್ಪೆಯ ಸಂದಿಯಿಂದ ಅವಳನ್ನೇ ಕಾಯುತ್ತಿದ್ದ. ಅವಳು ಅವನ ಕಾಲಿನ ಹೆಬ್ಬೆರಳು ನೋಡಿದಳು. ಆಮೇಲೆ ಸೂಜಿಯನ್ನು ಬಟ್ಟೆಗೆ ಚುಚ್ಚಿಟ್ಟಳು.

“ಆಗಲ್ಲ ಮೇಡಂ. ಇದು ಗೊರಕೆ ಅಲ್ಲ.”

ಗೊರಕೆ ತಾನಾಗೇ ನಿಂತಿತು. ಗಂಡ ಮೊಣಕೈ ಊರಿ ಎದ್ದ. “ಅಯ್ಯೋ, ನಿನಗೋಸ್ಕರ ಕಣೇ ಮಾಡಿದ್ದು!”

“ಗೊತ್ತು ರೀ. ಸುಳ್ಳು ಅನ್ನೋದೂ ಗೊತ್ತು.”

“ನನಗೆ ನಿಜದ್ದೇ ಅನ್ನಿಸ್ತು,” ಮೇಡಂ ಹುಬ್ಬೇರಿಸಿದರು. “ಯಾವ ಆಧಾರದ ಮೇಲೆ ಸುಳ್ಳು ಅಂತೀರಿ?”

“ನಿಜವಾಗ್ಲೂ ಮಲಗಿದ್ರೆ ಮೂರನೇ ಗಿಡ್ಡದ್ದಕ್ಕೆ ಮುಂಚೆ ಏನೋ ನುಂಗಿದ ಹಾಗೆ ಮಾಡ್ತಾರೆ. ಅದು ಬರಲಿಲ್ಲ. ಸೀಟಿಗೆ ಕಾಲ್ಬೆರಳು ಅಗಲ ಆಗ್ಬೇಕು, ಮಡಚಿಕೊಂಡಿತ್ತು. ಆಮೇಲೆ...” ಅವಳು ತಡೆದಳು. “ನಿಜದ ಗೊರಕೆ ಯಾರಾದ್ರೂ ಕೇಳಲಿ ಅಂತ ಹೊಡಿಯಲ್ಲ ಮೇಡಂ. ಇದು ನಿಮ್ಮ ಕಡೇನೇ ಮುಖ ಮಾಡ್ಕೊಂಡು ಹೊಡೀತಿತ್ತು.”

ಮೇಡಮ್ಮಿನ ತುಟಿಯಂಚು ಅಲ್ಲಾಡಿದ ಹಾಗಾಯಿತು. ಬರೆದುಕೊಂಡರು. “ಜ್ಞಾನ ಇದೆ. ಆದರೆ ನಿಯಮ ನಿಯಮವೇ. ವಿಷಯ ಮಾತು ಕೇಳಿದ್ದನ್ನ ನಾನು ಕಣ್ಣಾರೆ ನೋಡ್ಬೇಕು. ಗಂಟೆ ಹೊಡೆಯೋಕೆ ಇನ್ನು ಹತ್ತು ನಿಮಿಷ.”

ಅಟೆಂಡರು ಮತ್ತೆ ಅಂಗಾತ ಮಲಗಿ ಎದೆಯ ಮೇಲೆ ಕೈಯಿಟ್ಟುಕೊಂಡ. ಮಧ್ಯಾಹ್ನದ ಬಿಸಿಲು ಎತ್ತರದ ಕಿಟಕಿಯಿಂದ ಇಳಿದು ಹಿಂದಿನ ಬೆಂಚನ್ನು ಮುಟ್ಟಿತು. ದರ್ಜಿ ಅಕ್ಕ ತಲೆ ತಗ್ಗಿಸಿ ತನ್ನ ಒಂಬತ್ತು ಗುಂಡಿಗಳನ್ನು ನೋಡುತ್ತಿದ್ದಳು, ಇನ್ನೇನು ಬಿಚ್ಚಬೇಕಾದವಳ ಹಾಗೆ. ಆಗ ಹಿಂದಿನಿಂದ ಒಂದು ಸದ್ದು ಬಂತು.

ಗಂಭೀರವಾದ, ನಿಧಾನವಾದ, ಬಾವಿಯ ಆಳದಿಂದ ಎದ್ದುಬಂದಂಥ ಸದ್ದು. ಎಲ್ಲರೂ ತಿರುಗಿ ನೋಡಿದರು. ಅತ್ತೆ ಬೆಂಚಿಗೊರಗಿ, ಬಾಯಿ ತೆರೆದುಕೊಂಡು, ಸ್ವಂತದ ಅಷ್ಟೂ ಹಲ್ಲು ತೋರಿಸುತ್ತಾ ಗೊರಕೆ ಹೊಡೆಯುತ್ತಿದ್ದರು.

ಪ್ರೊಫೆಸರು ನಗು ತಡೆಯಲಾರದೆ ಕೆಮ್ಮಿದರು. ದರ್ಜಿ ಅಕ್ಕ ಮಾತ್ರ ನಗಲಿಲ್ಲ. ಈ ಸದ್ದು ಅವಳಿಗೆ ಗೊತ್ತಿತ್ತು. ಆರು ವರ್ಷ ಪ್ರತಿ ಮಧ್ಯಾಹ್ನ ಗೋಡೆಯ ಮೂಲಕ ಕೇಳಿ, ನೀಲಿ ದಾರದಲ್ಲಿ ಹೊಲಿದಿಟ್ಟ ಸದ್ದು ಇದೇ.

ಅವಳು ಗಂಡನ ಕಡೆ ತಿರುಗುವಷ್ಟರಲ್ಲಿ ಅವನ ಕೈ ಎದೆಯಿಂದ ಜಾರಿ ಮೇಜಿನ ಅಂಚಿಗೆ ಬಿದ್ದಿತ್ತು. ಹಾಲು ಕುಡಿದ ಮಗುವಿನ ಹಾಗೆ ಮುಖ ಸಡಿಲವಾಗಿತ್ತು. ಬೀರು ಎಳೆಯುವ ಸದ್ದು ಶುರುವಾಯಿತು. ಮೂರನೆಯ ಗಿಡ್ಡದ್ದಕ್ಕೆ ಮುಂಚೆ ಏನನ್ನೋ ನುಂಗಿದ. ಸೀಟಿ ಬಂತು, ಕಾಲ್ಬೆರಳು ಬೀಸಣಿಗೆಯ ಹಾಗೆ ಅಗಲವಾಯಿತು. ಅವನ ಸೀಟಿ ಮುಗಿದ ಮೇಲೆ ತಾಯಿಯದು, ತಾಯಿಯದು ಮುಗಿದ ಮೇಲೆ ಅವನದು.

“ಇದು ನಿಜ ಮೇಡಂ,” ಎಂದಳು ದರ್ಜಿ ಅಕ್ಕ. “ಆದ್ರೆ ನನ್ನ ನಾಲ್ಕನೇ ಅಧ್ಯಾಯ ತಪ್ಪು.”

“ಶ್! ಅದನ್ನ ಈಗ್ಯಾಕಮ್ಮ ಹೇಳ್ತೀಯ?” ಪ್ರೊಫೆಸರು ಪಿಸುಗುಟ್ಟಿದರು.

ಅವಳಿಗೆ ಕೇಳಿಸಲಿಲ್ಲ. ಬಟ್ಟೆಯ ಸುರುಳಿಯನ್ನು ಮೇಡಮ್ಮಿನ ಮುಂದೆ ಬಿಚ್ಚಿದಳು. “ಇಲ್ಲಿ ನೋಡಿ. ಪ್ರತಿ ದಿನದ ಪಟ್ಟೀಲೂ ಮೊದಲ ಹೊಲಿಗೆ ನೀಲಿ. ಕೆಂಪು ಆಮೇಲೆ. ನಾನು ಸೂಜಿಗೆ ದಾರ ಪೋಣಿಸೋಷ್ಟರಲ್ಲಿ ಇವರ ಮೊದಲನೇ ಗೊರಕೆ ತಪ್ಪಿಹೋಗಿದೆ, ಬರೀ ಅದರ ಮಾರ್ದನಿ ಸಿಕ್ಕಿದೆ ಅಂದ್ಕೊಂಡೆ. ಆರು ವರ್ಷ ಹಂಗೇ ಅಂದ್ಕೊಂಡೆ. ಏನೂ ತಪ್ಪಿಹೋಗಿರಲಿಲ್ಲ. ಅತ್ತೆ ಮೊದಲು, ಇವರು ಆಮೇಲೆ. ಅದು ಮಾರ್ದನಿ ಅಲ್ಲ, ಕರೆ. ಇವರದ್ದು ಓಗೊಡೋದು. ಇಲ್ಲಿ ಇಷ್ಟು ಹೊತ್ತು ನಿದ್ದೆ ಬರಲಿಲ್ಲ ಯಾಕೆ ಅಂತ ಈಗ ಗೊತ್ತಾಯ್ತು. ಕರೆಯೋರು ಎಚ್ಚರ ಇದ್ರು.”

ಗೋಡೆ ಗಡಿಯಾರದಲ್ಲಿ ಒಂದು ದಾಟಿ ಏಳು ನಿಮಿಷವಾಗಿತ್ತು. ಮೇಡಂ ಅದನ್ನು ನೋಡಿ, “ಸಮಯ...” ಎಂದರು.

“ಗಂಟೆ ಹೊಡೆದಿಲ್ಲ,” ಎಂದರು ಪ್ರೊಫೆಸರು ಮುಗ್ಧವಾಗಿ. “ಗಂಟೆ ಹೊಡೆಯೋವರೆಗೂ ವೈವಾ ನಡೀತಾ ಇದೆ ಅಂತಲೇ ನಿಯಮ. ಹೊಡೆಯೋರು ಮಲಗಿದ್ದಾರೆ.”

ಮೇಡಂ ನಿಯಮದ ಹೆಂಗಸು. ಮತ್ತೆ ಪೆನ್ನು ಹಿಡಿದರು.

ದರ್ಜಿ ಅಕ್ಕ ನೀಲಿ ದಾರ ತೆಗೆದು ಆಗಿನ ಗೊರಕೆಯನ್ನು ಆಗಲೇ ಹೊಲಿಯತೊಡಗಿದಳು. ನಾಲ್ಕು ಹೊಲಿಗೆ ಹಾಕಿ, ಗೌನಿನ ತೋಳು ಬಿಗಿಯಾದಾಗ ಮಾಡುವ ಹಾಗೆ, ಉಗುರಿನಿಂದ ಒಂದನ್ನು ಮೆಲ್ಲಗೆ ಸಡಿಲಿಸಿದಳು. ಹಿಂದಿನ ಬೆಂಚಿನ ಸದ್ದು ತಗ್ಗಿತು. ಅವಳು ಕೆಂಪು ದಾರವನ್ನು ಮುಟ್ಟಿಯೂ ಇರಲಿಲ್ಲ. ಗಂಡನದೂ ಹಿಂದೆಯೇ ತಗ್ಗಿತು. ಇನ್ನೊಂದು ಸಡಿಲಿಸಿದಳು. ಇಬ್ಬರದೂ ಪಕ್ಕದ ಬೀದಿಯಲ್ಲಿ ಯಾರೋ ಮೆಷಿನ್ನು ತುಳಿಯುತ್ತಿರುವಷ್ಟಕ್ಕೆ ಇಳಿಯಿತು. ಪ್ರೊಫೆಸರು ಸಂತೋಷದ ಭರದಲ್ಲಿ ಸುತ್ತ ನೋಡಿದ್ದೇ ತಡ, ಶಾಯಿ ಬಾಟಲಿಯ ಮುಚ್ಚಳ ತಿರುಗಿ ಬಿಚ್ಚಿಕೊಂಡಿತು.

“ಪೂರ್ತಿ ನಿಲ್ಲಿಸಿ,” ಎಂದರು ಮೇಡಂ.

ಅವಳು ನೀಲಿ ದಾರವನ್ನು ಎಳೆದು ತೆಗೆದಳು. ಅತ್ತೆಯ ಉಸಿರು ನಿಶ್ಶಬ್ದವಾಯಿತು. ಒಂದು ಕ್ಷಣ ಭವನದಲ್ಲಿ ನೊಣ ಹಾರಿದರೂ ಕೇಳುವಂತಿತ್ತು. ಮರುಕ್ಷಣ ಅಟೆಂಡರು ಬೆಚ್ಚಿಬಿದ್ದು ಎದ್ದು ಕೂತ. “ಏನಾಯ್ತು? ಯಾಕೆ ಇಷ್ಟು ಸದ್ದೇ ಇಲ್ಲ?” ಎಂದವನ ಕಣ್ಣು ಗಡಿಯಾರದ ಮೇಲೆ ಬಿತ್ತು. “ಅಯ್ಯಯ್ಯೋ!” ಎಂದು ಬರಿಗಾಲಲ್ಲಿ ಓಡಿಹೋಗಿ ಗಂಟೆ ಹೊಡೆದೇಬಿಟ್ಟ.

ಮೇಡಂ ತೀರ್ಪನ್ನು ಅಲ್ಲೇ ಓದಿದರು. ವಿಷಯ ಮಾತು ಕೇಳಿದೆ, ನಿಜ. ವ್ಯಾಪ್ತಿಯಲ್ಲಿ ‘ಮಾರ್ದನಿ ಸಹಿತ’ ಎಂದು ಇರುವುದರಿಂದ ತಾಯಿಯದೂ ಒಳಗೆ ಬರುತ್ತದೆ, ಅದೂ ನಿಜ. ಆದರೆ ನಾಲ್ಕನೆಯ ಅಧ್ಯಾಯವನ್ನು ಏಳು ದಿನದೊಳಗೆ ತಿದ್ದಬೇಕು. ತಿದ್ದಿದ ಅಧ್ಯಾಯಕ್ಕೆ ಎರಡನೆಯ ಗೊರಕೆಯವರು ‘ಇದು ನನ್ನದೇ’ ಎಂದು ಸಹಿ ಹಾಕಬೇಕು. ಸಹಿ ಇಲ್ಲದಿದ್ದರೆ ಡಾಕ್ಟರೇಟೂ ಇಲ್ಲ, ಇವತ್ತು ಬಂದ ಶಕ್ತಿಯೂ ಎಂಟನೆಯ ದಿನಕ್ಕೆ ಇಲ್ಲ.

ಅತ್ತೆ ಕಣ್ಣು ಬಿಟ್ಟದ್ದು ಆಗ. “ಮುಗೀತಾ? ನನಗಂತೂ ಏನೂ ಕೇಳಿಸಲಿಲ್ಲಪ್ಪ,” ಎಂದರು.

ಅಧ್ಯಾಯ ತಿದ್ದಲು ದರ್ಜಿ ಅಕ್ಕನಿಗೆ ಎರಡು ದಿನ ಸಾಕಾಯಿತು. ಉಳಿದ ದಿನಗಳು ಸಹಿಗೆ.

“ನಾನು? ಗೊರಕೆ?” ಅತ್ತೆ ಲೋಟ ಕುಕ್ಕಿದರು. “ಎಪ್ಪತ್ನಾಲ್ಕು ವರ್ಷದಲ್ಲಿ ನನ್ನನ್ನ ಹೀಗೆ ಅಂದವರಿಲ್ಲ!”

“ಅಮ್ಮ, ಎಲ್ಲರೂ ಕೇಳಿದ್ರು,” ಮಗ ಮೆಲ್ಲಗೆಂದ.

“ನೀನು ಕೇಳಿದ್ಯೇನೋ?”

“ನಾನು ಮಲಗಿದ್ದೆ.”

“ಮತ್ತೆ? ಬಾಯಿ ಮುಚ್ಚು.”

ಮೂರನೆಯ ದಿನ ಪ್ರೊಫೆಸರೇ ಬಂದು ಅರ್ಧ ಗಂಟೆ ವಿವರಿಸಿದರು. ಅತ್ತೆ ಅವರ ಮುಂದೆ ಒತ್ತು ಮುಚ್ಚಳದ ಬಿಸ್ಕತ್ತು ಡಬ್ಬಿ ಇಟ್ಟು, “ತಗೊಳ್ಳಿ, ತೆಗೆದು ತಿನ್ನಿ” ಎಂದರು. ಪ್ರೊಫೆಸರು ತಿನ್ನದೆ ಹೋದರು. ಐದನೆಯ ದಿನ ಅತ್ತೆ, ಮನೆ ಬಿಟ್ಟು ಮಗಳ ಮನೆಗೆ ಹೋಗುತ್ತೇನೆಂದು ಚೀಲ ತುಂಬಿದರು. ಮಗಳು ಫೋನಿನಲ್ಲಿ, “ಬಾಮ್ಮ, ಆದ್ರೆ ಮಕ್ಕಳಿಗೆ ಪರೀಕ್ಷೆ ಇದೆ, ಆ ಸದ್ದಿಗೆ ಓದೋಕಾಗಲ್ಲ, ಹೊರಗಿನ ರೂಮಲ್ಲಿ ಮಲಗ್ತೀಯಾ?” ಎಂದಳು. ಚೀಲ ಖಾಲಿಯಾಯಿತು. ಆದರೆ ಸಹಿ ಬರಲಿಲ್ಲ.

ಏಳನೆಯ ದಿನ ದರ್ಜಿ ಅಕ್ಕ ಏನೂ ಕೇಳಲಿಲ್ಲ. ಬೆಳಗ್ಗಿನಿಂದ ಬಟ್ಟೆಯ ಸುರುಳಿಯನ್ನು ಅಂಗಡಿಯ ಮೇಜಿನ ಮೇಲೆ ಬಿಚ್ಚಿ ಮಡಿಸುತ್ತಿದ್ದಳು, ಇನ್ನು ಇದನ್ನು ದಿಂಬಿಗಾದರೂ ತುಂಬಬೇಕು ಎಂಬ ಹಾಗೆ. ಅವಳ ಕಣ್ಣಿನ ಕೆಳಗಿನ ಕಪ್ಪು ಗೌನಿನ ಕಪ್ಪಿಗೆ ಸರಿಸಮವಾಗಿತ್ತು. ಅತ್ತೆ ಬಾಗಿಲಲ್ಲಿ ನಿಂತು ಬಹಳ ಹೊತ್ತು ನೋಡಿದರು. ಆಮೇಲೆ ಹತ್ತಿರ ಬಂದು ಬಟ್ಟೆಯ ಮೇಲೆ ಬೆರಳಿಟ್ಟರು.

“ಈ ನೀಲಿ ನಾನೇನೇ?”

“ಹೂಂ ಅತ್ತೆ.”

“ಪ್ರತಿ ದಿನಾನೂ ನಾನೇ ಮೊದಲಾ?”

“ಆರು ವರ್ಷದಲ್ಲಿ ಒಂದು ದಿನಾನೂ ತಪ್ಪಿಲ್ಲ.”

“ನಾನು ಶುರು ಮಾಡಿದ ಮೇಲೇನೇ ಅವನು?”

“ನೀವು ಶುರು ಮಾಡದೆ ಅವರಿಗೆ ನಿದ್ದೇನೇ ಹತ್ತಲ್ಲ. ಅವತ್ತು ನಾನೇ ನೋಡಿದ್ನಲ್ಲ.”

ಅತ್ತೆ ಸ್ಟೂಲು ಎಳೆದು ಕೂತರು. “ಎಳೆಮಗು ಇದ್ದಾಗ ಹಂಗೇನೇ. ಎತ್ತಿಕೊಂಡು ತಿರುಗಿದ್ರೂ ಅಳ್ತಿದ್ದ, ತೂಗಿದ್ರೂ ಅಳ್ತಿದ್ದ. ನನಗೇ ಸುಸ್ತಾಗಿ ಪಕ್ಕದಲ್ಲಿ ಉರುಳಿಕೊಂಡ್ರೆ ಅವಾಗ ಮಲಗ್ತಿದ್ದ. ನನ್ನ ಮೈ ವಾಸನೆಗೆ ಅಂದ್ಕೊಂಡಿದ್ದೆ.” ನೀಲಿ ಹೊಲಿಗೆಯ ಮೇಲೆ ಬೆರಳು ಓಡಿಸಿದರು. ಆಮೇಲೆ ಸೆರಗಿನಿಂದ ಮೂಗು ಒರೆಸಿಕೊಂಡು, ಎಂದಿನ ದನಿಯಲ್ಲಿ, “ಪೆನ್ನು ಕೊಡು. ಆದ್ರೆ ಎರಡು ಮಾತು. ನನ್ನದಕ್ಕೆ ಗೊರಕೆ ಅಂತ ಬರೀಬಾರದು. ನಿದ್ದೆಯ ಉಸಿರು ಅಂತ ಬರಿ. ಅವನದಕ್ಕೆ ಏನು ಬೇಕಾದ್ರೂ ಬರ್ಕೋ.”

“ಸರಿ. ಇನ್ನೊಂದು?”

“ನನ್ನಿಂದ ಶುರುವಾದದ್ದು ಅಂದ ಮೇಲೆ ಪ್ರಬಂಧದ ಮೇಲೆ ನನ್ನ ಹೆಸರೂ ಇರ್ಬೇಕು. ಮೊದಲು.”

ದರ್ಜಿ ಅಕ್ಕ ಗಡಿಯಾರ ನೋಡಿದಳು. ಎರಡು ಹೆಸರಿದ್ದರೆ ಶಕ್ತಿಯೂ ಇಬ್ಬರಿಗೆ ಹಂಚಿಹೋಗುತ್ತದೆ, ನಿಯಮ ಹಾಗಿದೆ. ಸಂಜೆ ಕಚೇರಿ ಮುಚ್ಚಲು ಒಂದು ಗಂಟೆಯಿತ್ತು. ಅವಳು ಪೆನ್ನು ಕೊಟ್ಟಳು.

ಹೀಗೆ ಆ ಮನೆಯಲ್ಲಿ ಒಂದೇ ದಿನ ಇಬ್ಬರು ಡಾಕ್ಟರುಗಳಾದರು. ಅಳತೆ ಟೇಪು ಕೊರಳಲ್ಲಿ ಇದ್ದವಳಿಗೆ ಇಳಿಸುವ ಶಕ್ತಿ ಬಂತು, ಎಪ್ಪತ್ನಾಲ್ಕರವರಿಗೆ ಏರಿಸುವ ಶಕ್ತಿ. ಅತ್ತೆ ಬೀದಿಯ ಈ ತುದಿಯಿಂದ ಆ ತುದಿಯವರೆಗೆ ಹೋಗಿ ಈ ಸುದ್ದಿ ಹೇಳಿ ಬಂದರು, ತಮ್ಮ ವಿಷಯ ಯಾವುದು ಎಂಬುದೊಂದನ್ನು ಬಿಟ್ಟು.

ಮರುದಿನ ಮಧ್ಯಾಹ್ನ ಗಂಡ ಮಂಚದ ಒಂದು ಬದಿಗೆ ಸರಿದು ಜಾಗ ಮಾಡಿದ. ಹದಿನೇಳು ವರ್ಷದ ಮೇಲೆ ದರ್ಜಿ ಅಕ್ಕ ಕಾಲು ಉದ್ದಕ್ಕೆ ಚಾಚಿ ಮಲಗಿದಳು. ಗೋಡೆಯಾಚೆ ಕರೆ ಎದ್ದಿತು, ಈಚೆ ಓಗೊಟ್ಟಿತು. ಅವಳು ಗಂಡ ಏಳದಷ್ಟು, ತಾನು ಮಲಗುವಷ್ಟು, ಲೆಕ್ಕ ಹಾಕಿ ನೀಲಿ ಹೊಲಿಗೆ ಸಡಿಲಿಸಿದಳು. ಸ್ವಲ್ಪ ಹೊತ್ತಿಗೆ, ಎಚ್ಚರವಾದ ಅತ್ತೆಯ ಮಾತು ಆಚೆಯಿಂದ ಬಂತು.

“ಏನೇ, ತೀರಾ ಇಳಿಸಿಬಿಟ್ಟಿದ್ದೀಯಲ್ಲ! ಮಗನಿಗೆ ತಲುಪೋದು ಬೇಡ್ವಾ? ಒಂಚೂರು ಏರಿಸ್ತೀನಿ ನೋಡು.”

ಉತ್ತರ ಬರಲಿಲ್ಲ.

“ಕೇಳಿಸ್ತೇನೇ? ಆಮೇಲೆ ಅತ್ತೆ ಹೇಳದೆ ಏರಿಸಿದ್ರು ಅನ್ಬೇಡ.”

ಆಗಲೂ ಇಲ್ಲ. ಜಗಳಕ್ಕೆ ಜೊತೆ ಸಿಗದ ಅತ್ತೆ ಎದ್ದು ಬಂದು ಇಣುಕಿದರು. ಸೊಸೆ, ಎಚ್ಚರವಾದರೂ ಅಲುಗಾಡದೆ ಮಲಗಿದ್ದ ಗಂಡನ ತೋಳಿಗೆ ಹಣೆ ತಾಗಿಸಿ, ಅಳತೆ ಟೇಪು ಕೊರಳಲ್ಲಿ ಇದ್ದ ಹಾಗೆಯೇ, ಕಡಿದ ಮರದ ಹಾಗೆ ಮಲಗಿದ್ದಳು.

ಅದೇ ಹೊತ್ತಿಗೆ ಅಂಗಡಿಯ ಮುಂದೆ ಯಾರೋ ಕೆಮ್ಮಿದರು. ಮುಚ್ಚಳದ ಪ್ರೊಫೆಸರು, ಕೈಯಲ್ಲಿ ಗೌನು. “ಇದರ ಗುಂಡಿ ಕಿತ್ತುಹೋಗಿದೆ. ಸಂಜೆ ಸಭೆ ಇದೆ. ದರ್ಜಿ ಅಕ್ಕ ಇಲ್ವಾ?”

“ಮಲಗಿದ್ದಾಳೆ.”

“ಒಂದು ಗುಂಡಿ ಅಷ್ಟೇ. ಎಬ್ಬಿಸಿದ್ರೆ ಎರಡು ನಿಮಿಷ...”

“ಎಬ್ಬಿಸೋ ಮಾತು ಆಡಿದ್ರೆ ನೋಡಿ!” ಅತ್ತೆ ಗೌನನ್ನು ಅವರ ಕೈಯಿಂದ ಕಿತ್ತುಕೊಂಡು, ಕೋಣೆಯ ಬಾಗಿಲನ್ನು ಸದ್ದಾಗದಂತೆ ಮುಂದಕ್ಕೆಳೆದು, ಸೊಸೆಯ ಸ್ಟೂಲಿನ ಮೇಲೆ ಕೂತರು. ಸೂಜಿಯನ್ನೂ ದಾರವನ್ನೂ ಪ್ರೊಫೆಸರ ಕೈಗಿತ್ತರು. “ಮೊದಲು ಇದನ್ನ ಪೋಣಿಸಿಕೊಡಿ. ನನಗೆ ಕಣ್ಣು ಕಾಣಲ್ಲ. ಮಾತಾಡೋದಿದ್ರೆ ಮೆಲ್ಲಗೆ ಮಾತಾಡಿ.”